ಮೀನಿನ ಪೆಟ್ಟಿಗೆಗಳ ನಡುವೆ ಹಾಡಿದವಳು

ಇವತ್ತು ಬೆಳಿಗ್ಗೆ ಕಾಪುವಿನಿಂದ ಬಂದ ಬಸ್ಸಿನ ಕಂಡಕ್ಟರ್ ಮಣಿಪಾಲದಲ್ಲಿ ಒಂದು ಥರ್ಮಾಕೋಲ್ ಪೆಟ್ಟಿಗೆಯನ್ನು ನನ್ನ ಕೈಗೆ ಕೊಟ್ಟ. ಮನೆಗೆ ತಂದು ಮುಚ್ಚಳ ತೆಗೆದೆ. ಮೊದಲು ಐಸಿನ ತಣ್ಣನೆಯ ಆವಿ, ಅದರ ಹಿಂದೆಯೇ ಬಂಗುಡೆ ಮೀನಿನ ವಾಸನೆ. ಆ ವಾಸನೆಗೆ ಬೇರೆಯವರಿಗೆ ಊಟ ನೆನಪಾಗುತ್ತದೆ. ನನಗೆ ಹಾಡು ನೆನಪಾಗುತ್ತದೆ...

ಆ ಹಾಡು ಹಾಡುತ್ತಿದ್ದವಳು ನನ್ನ ರೂಮ್‌ಮೇಟ್. ಮನೆ ಮಾಲೀಕರಿಗೆ, ನಾನು ಕೆಲಸ ಮಾಡುವ ಲ್ಯಾಬಿನವರಿಗೆ, ಕೆಮ್ಮಣ್ಣಿನಲ್ಲಿರುವ ನನ್ನ ಮನೆಯವರಿಗೆ ನಾವು ಹಾಗೆಂದೇ ಹೇಳಿದ್ದೆವು. ವರ್ಷಗಟ್ಟಲೆ ಒಂದೇ ಸೂರಿನಡಿ, ಒಂದೇ ಹಾಸಿಗೆಯಲ್ಲಿ ಬದುಕಿದವರನ್ನು ಬೇರೇನೋ ಅನ್ನುತ್ತಾರೆಂದು ನಮಗೂ ಗೊತ್ತಿತ್ತು. ಆದರೆ ಬಾಡಿಗೆಗೆ ಮನೆ ಸಿಗಬೇಕಲ್ಲ!

ಕಾಪುವಿನಿಂದ ಉಡುಪಿಯ ಕಾಲೇಜಿಗೆ ಓಡಾಡುವಾಗಲೇ ಅವಳು ರ‍್ಯಾಪ್ ಕಲಿತದ್ದಂತೆ. ಕಂಡಕ್ಟರುಗಳು ಉಸಿರು ಬಿಡದೆ ಊರುಗಳ ಹೆಸರು ಕೂಗುವುದಕ್ಕೆ ಸೀಟಿನ ಕಂಬಿ ತಟ್ಟುತ್ತಾ ತಾಳ ಹಾಕುತ್ತಿದ್ದಳಂತೆ. ಈ ಹಿಪ್ ಹಾಪ್ ಎಲ್ಲ ಫಾರಿನ್‌ನವರನ್ನು ನೋಡಿ ಕಲಿತದ್ದಾ ಎಂದು ಯಾರಾದರೂ ಕೇಳಿದರೆ, "ಎಂತ ಫಾರಿನ್ ಮಾರಾಯ, ಸರ್ವಿಸ್ ಬಸ್ಸು!" ಎನ್ನುತ್ತಿದ್ದಳು. ಮಾತಿನ ಮೊನಚು ಮಾತ್ರ ಅಮ್ಮನದು. ಅವಳಮ್ಮ ಕಾಪು ಪೇಟೆಯಲ್ಲಿ ಮೀನು ಮಾರುವವರು. ಚೌಕಾಸಿಗೆ ಬಂದವರನ್ನು ನಗಿಸುತ್ತಲೇ ಬಾಯಿ ಮುಚ್ಚಿಸುವ ಹೆಂಗಸು.

ನಾನು ಅವಳನ್ನು ಮೊದಲು ಕಂಡದ್ದು ಮಣಿಪಾಲದ ಒಂದು ಕಾಲೇಜು ಹಬ್ಬದಲ್ಲಿ. ವೇದಿಕೆ ಹತ್ತಿದವರೆಲ್ಲ ಕುತ್ತಿಗೆಗೆ ಸರಪಳಿ ಹಾಕಿಕೊಂಡ ಹುಡುಗರು. ಇವಳು ತಮ್ಮನ ಅಂಗಿ ತೊಟ್ಟು, ಕರಿ ಟೊಪ್ಪಿಯನ್ನು ಹಿಂದುಮುಂದಾಗಿ ಇಟ್ಟು ತುಳುವಿನಲ್ಲಿ ಶುರು ಮಾಡಿದಳು. ದೇಶದ ಯಾವ್ಯಾವುದೋ ಮೂಲೆಯಿಂದ ಬಂದ ವಿದ್ಯಾರ್ಥಿಗಳಿಗೆ ಒಂದಕ್ಷರ ಅರ್ಥವಾಗದಿದ್ದರೂ ಕುಣಿದರು. ಅರ್ಥವಾದ ಕ್ಯಾಂಟೀನಿನ ಅಡುಗೆಯವರು ಹೊಟ್ಟೆ ಹಿಡಿದು ನಕ್ಕರು. ನಾನು ನಗಲೂ ಇಲ್ಲ, ಕುಣಿಯಲೂ ಇಲ್ಲ. ಅಲ್ಲೇ ಸೋತುಹೋಗಿದ್ದೆ.

ಸ್ಟುಡಿಯೋ ನಮ್ಮ ಕೈಗೆ ಎಟುಕುವಂಥದ್ದಲ್ಲ. ಅವಳಮ್ಮ ಬಿಸಾಡಿದ ಥರ್ಮಾಕೋಲ್ ಮೀನಿನ ಪೆಟ್ಟಿಗೆಗಳನ್ನು ತಂದು, ಸೋಪು ಹಾಕಿ ತಿಕ್ಕಿ, ನಮ್ಮ ಬಾಡಿಗೆ ಮನೆಯ ಚಿಕ್ಕ ಕೋಣೆಯ ಗೋಡೆಗೆಲ್ಲ ಅಂಟಿಸಿದಳು. ಹೊರಗಿನ ಸದ್ದು ಎಷ್ಟೋ ತಗ್ಗಿತು. ವಾಸನೆ ತಗ್ಗಲಿಲ್ಲ. ಅವಳು ಒಳಗೆ ಹಾಡುವಾಗ ಪಕ್ಕದ ಮನೆಯ ಬೆಕ್ಕು ಬಾಗಿಲು ಪರಚುತ್ತಿತ್ತು. ಒಂದು ಹಾಡಿನಲ್ಲಿ ಅದರ ಮಿಯಾವ್ ಹಾಗೇ ಉಳಿದಿದೆ. ಒಮ್ಮೆ ಅವಳಮ್ಮ ಬಂದವರು ಕೋಣೆ ನೋಡಿ ದಂಗಾದರು. "ನಮಗೆ ಮೀನು ಹಾಕ್ಲಿಕ್ಕೆ ಪೆಟ್ಟಿಗೆ ಇಲ್ಲ, ನೀವು ಗೋಡೆಗೆ ಅಂಗಿ ಹೊಲಿಸಿದ್ದೀರಾ?" ಎಂದು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು.

ಆ ಕೋಣೆಯ ಹಾಡುಗಳು ಊರವರ ಫೋನಿಗೆಲ್ಲ ಹೋದವು. ಬೆಂಗಳೂರು, ಮುಂಬಯಿಯಿಂದ ಕರೆ ಬಂತು. ಗಲ್ಫಿನ ನಮ್ಮೂರವರು ಟಿಕೆಟ್ ಕಳಿಸುತ್ತೇವೆ ಎಂದರು. ಆಗ ಅವಳು ನನ್ನ ಮೇಲೆ ಒಂದು ಹಾಡು ಕಟ್ಟಿದಳು. ಹೆಸರು ಹೇಳಲಿಲ್ಲ, ಆದರೆ ತಾನು ಪ್ರೀತಿಸುವುದು ಒಬ್ಬ ಹೆಂಗಸನ್ನು ಎಂದು ಬಾಯಿ ತುಂಬ ಹೇಳಿದಳು. ಕಾರ್ಕಳದ ಕಾರ್ಯಕ್ರಮದ ಬ್ಯಾನರಿನಿಂದ ಅವಳ ಫೋಟೋ ಮಾಯವಾಯಿತು. ಗಲ್ಫಿನವರು ಫೋನ್ ಎತ್ತಲಿಲ್ಲ. ಕೆಟ್ಟ ಬೈಗುಳಗಳು ಬಂದವು. ಗುರುತಿಲ್ಲದ ಹುಡುಗಿಯರು ಅತ್ತುಕೊಂಡು ಕಳಿಸಿದ ಮಾತುಗಳೂ ಬಂದವು.

"ಕರೆಯದಿದ್ದರೆ ಅವರ ಕರ್ಮ. ಅಮ್ಮ ಕೇಳಿದಳಾ, ಕೇಳಿ ಎಂತ ಹೇಳಿದಳು, ಅದೊಂದು ಗೊತ್ತಾದರೆ ಸಾಕಿತ್ತು," ಎನ್ನುತ್ತಿದ್ದಳು.

ಅಮ್ಮ ಏನೂ ಹೇಳಲಿಲ್ಲ. ಕಾಪುವಿನಿಂದ ಮೀನು ಮಾತ್ರ ಎಂದಿನಂತೆ ಬರುತ್ತಿತ್ತು. ಅಮ್ಮನನ್ನು ಕೇಳುವ ಧೈರ್ಯ, ಅಷ್ಟು ಜನರೆದುರು ಹಾಡಿದವಳಿಗೆ ಬರಲಿಲ್ಲ...

ಆ ಮಳೆಗಾಲದಲ್ಲಿ ಅವಳಿಗೆ ಇಲಿಜ್ವರ ಬಂತು. ವಾರ ಕಳೆಯುವ ಮೊದಲೇ ಹೋಗಿಬಿಟ್ಟಳು. ಆಸ್ಪತ್ರೆಯಲ್ಲಿ ನೀವು ಯಾರು ಎಂದು ಕೇಳಿದಾಗ ರೂಮ್‌ಮೇಟ್ ಎಂದೆ. ಹಾಗಾದರೆ ಹೊರಗೆ ಇರಿ ಎಂದರು. ಕಾಪುವಿನಲ್ಲಿ ಚಿತೆಗೆ ಬೆಂಕಿ ಕೊಟ್ಟಾಗಲೂ ನಾನು ನೆರೆಹೊರೆಯವರ ಸಾಲಿನ ಹಿಂದೆ ನಿಂತಿದ್ದೆ.

ಮರುವರ್ಷ ಅವಳ ತಮ್ಮನಿಗೆ ಹೆಣ್ಣು ನೋಡಲು ಹೊರಟರೆ ಒಂದೂ ಕೂಡಿ ಬರಲಿಲ್ಲ. ಜ್ಯೋತಿಷಿಯ ಹತ್ತಿರ ಪ್ರಶ್ನೆ ಇಡಿಸಿದಾಗ, ಮದುವೆಯಾಗದೆ ಹೋದ ಅಕ್ಕನ ಆತ್ಮ ಅಡ್ಡ ನಿಂತಿದೆ ಎಂದು ಬಂತು. ನಮ್ಮಲ್ಲಿ ಹಾಗೆ ಹೋದವರಿಗೆ ಸತ್ತ ಮೇಲೆ ಮದುವೆ ಮಾಡುವ ಕ್ರಮ ಉಂಟು. ಕುಲೆ ಮದಿಮೆ, ಅಂದರೆ ಪ್ರೇತದ ಮದುವೆ ಎನ್ನುತ್ತಾರೆ. ಒಂದು ಕುರ್ಚಿಯಲ್ಲಿ ಸೀರೆ, ಇನ್ನೊಂದರಲ್ಲಿ ಪಂಚೆ ಇಟ್ಟು ಧಾರೆ ಎರೆಯುತ್ತಾರೆ. ಮದುಮಗಳು ಆಮೇಲೆ ಗಂಡನ ಮನೆಯವಳು. ಮಳೆಗಾಲದ ಆಟಿ ತಿಂಗಳು ಬಂದು ಸತ್ತವರಿಗೆ ಬಡಿಸುವಾಗ ಅವಳ ಎಲೆಯನ್ನೂ ಆ ಮನೆಯವರೇ ಹಾಕಬೇಕು. ಕುಕ್ಕುಂದೂರಿನಲ್ಲಿ ಬೈಕಿನಿಂದ ಬಿದ್ದು ತೀರಿಕೊಂಡಿದ್ದ ಒಬ್ಬ ಹುಡುಗ ಇವಳಿಗೆ ವರನಾಗಿ ಸಿಕ್ಕಿದ. ಪಾಪ, ಅವನ ಮೇಲೆ ನನಗೆ ಸಿಟ್ಟಿಲ್ಲ.

ಅವಳಮ್ಮ ಮಣಿಪಾಲಕ್ಕೆ ಬಂದರು. ಚಾ ಮುಟ್ಟಲಿಲ್ಲ.

"ಸೀರೆಯ ಒಳಗೆ ಅವಳು ತೊಟ್ಟ ಬಟ್ಟೆ ಒಂದು ಇಡಬೇಕಂತೆ. ನಮ್ಮಲ್ಲಿ ಇದ್ದದ್ದೆಲ್ಲ ಅವಳೊಟ್ಟಿಗೆ ಸುಟ್ಟಾಯ್ತು. ನಿನ್ನ ಹತ್ರ ಎಂತಾದರೂ ಉಂಟಾ?"

ಕಪಾಟು ತೆಗೆದೆ. ಕರಿ ಟೊಪ್ಪಿ ಇತ್ತು. ಅವಳು ಕೊನೆಗೆ ಬಿಚ್ಚಿಟ್ಟ ಟೀ ಶರ್ಟು, ಒಗೆಯದೆ ಇಟ್ಟದ್ದು, ಅಲ್ಲೇ ಇತ್ತು. ಕೈ ಹೋಗಲಿಲ್ಲ. ಬದುಕಿದ್ದಾಗ ಅವಳು ನನ್ನವಳು ಎಂದು ಒಬ್ಬರೆದುರೂ ಹೇಳಲಾಗಲಿಲ್ಲ, ಈಗ ಗುರುತಿಲ್ಲದವನಿಗೆ ಕೈಯಾರೆ ಕೊಡಬೇಕೇ? ನನ್ನದೇ ಒಂದು ಗುಲಾಬಿ ಬಣ್ಣದ ದುಪಟ್ಟಾ ತೆಗೆದು ಕೊಟ್ಟೆ.

ಅವರು ಅದನ್ನು ಬಿಡಿಸಿ ಮೂಗಿಗೆ ಹಿಡಿದರು. ತುಂಬ ಹೊತ್ತು ಹಿಡಿದರು. ಇವತ್ತಿನ ಮೀನು ಯಾವುದು, ನಿನ್ನೆಯದು ಯಾವುದು ಎಂದು ವಾಸನೆಯಲ್ಲೇ ಹೇಳುವವರಿಗೆ ಮಗಳ ವಾಸನೆ ತಿಳಿಯದೇ? ಅವರು ದುಪಟ್ಟಾವನ್ನು ಮಡಚಿ ಚೀಲಕ್ಕೆ ಹಾಕಿಕೊಂಡರು.

"ಅವಳು ಗುಲಾಬಿ ಬಣ್ಣ ಹಾಕಿದವಳೇ ಅಲ್ಲ, ಅಲ್ವಾ?" ಎಂದರು. "ಇರಲಿ. ಕುಕ್ಕುಂದೂರಿಗೆ ಇದೇ ಹೋಗಲಿ. ಅವಳು ಇಲ್ಲೇ ಇರಲಿ."

ಬಾಗಿಲವರೆಗೆ ಹೋದವರು ತಿರುಗಿ ನಿಂತರು.

"ಅವಳು ನಿನ್ನ ಮೇಲೆ ಕಟ್ಟಿದ ಆ ಪದ್ಯ ನಾನು ಕೇಳಿದ್ದೇನೆ ಮಗಾ. ಎಷ್ಟು ಸಲ ಕೇಳಿದೆನೋ... ಚೆಂದ ಉಂಟು ಅಂತ ಅವಳಿಗೆ ಒಂದು ಮಾತು ಹೇಳಲಿಲ್ಲ."

ಹೊಸ್ತಿಲಲ್ಲೇ ಕುಸಿದು ಕುಳಿತು ಅತ್ತರು. ನಾನೂ ಅತ್ತೆ.

ಮದುವೆಗೆ ಮದುಮಗಳ ಗೆಳತಿಯಾಗಿ ಹೋಗಿ ಪಾಯಸ ಉಂಡು ಬಂದೆ. ತಮ್ಮನ ಮದುವೆಯೂ ಆಯಿತು. ಮದುವೆ ಮಾಡಿ ಕಳಿಸಿದ ಮಗಳಿಗೆ ಕಾಪುವಿನ ಮನೆಯಲ್ಲಿ ಈಗ ಎಲೆ ಹಾಕುವ ಹಾಗಿಲ್ಲ. ಅದಕ್ಕೇ ಪ್ರತಿ ಆಟಿಯಲ್ಲಿ ಈ ಪೆಟ್ಟಿಗೆ ಬರುತ್ತದೆ. ದೊಡ್ಡ ಬೋಟುಗಳು ಕಡಲಿಗೆ ಇಳಿಯದ ಕಾಲ. ನಾಡದೋಣಿಯವರನ್ನು ಕಾದು ಕುಳಿತು ಬಂಗುಡೆ ಕೊಂಡು ಬಸ್ಸಿನಲ್ಲಿ ಕಳಿಸುತ್ತಾರೆ ಆ ತಾಯಿ.

ಮಧ್ಯಾಹ್ನ ಮೀನನ್ನು ಎಣ್ಣೆಯಲ್ಲಿ ಕಾಯಿಸಿದೆ. ಥರ್ಮಾಕೋಲಿನ ಕೋಣೆಯಲ್ಲಿ ಎಲೆ ಹಾಕಿ ಬಡಿಸಿ, ಅವಳು ಬಂದು ಉಣ್ಣಲೆಂದು ಕ್ರಮದ ಹಾಗೆ ಬಾಗಿಲು ಮುಚ್ಚಿ ಹೊರಗೆ ಕುಳಿತೆ. ಒಳಗೆ ಸದ್ದಿರಲಿಲ್ಲ. ಬಾಗಿಲು ತೆಗೆದಾಗ ಬಡಿಸಿದ್ದು ಬಡಿಸಿದ ಹಾಗೇ ಇತ್ತು. ಕಾಪುವಿಗೆ ಫೋನ್ ಮಾಡಿದೆ.

"ತಿಂದಳಾ?" ಎಂದು ಕೇಳಿದರು.

"ತಿಂದಳು ಅಮ್ಮ," ಎಂದೆ.

ಆಮೇಲೆ ನಾನು ಆ ಕೋಣೆಯಲ್ಲಿ ಕುಳಿತು, ಆರಿಹೋದ ಮೀನನ್ನು ಒಬ್ಬಳೇ ತಿಂದೆ.