ಐವತ್ತೆಂಟು ಎಂದು ಬರೆದ ದಿನ

ಟ್ರಂಕಿನ ತಳಕ್ಕೆ ಹಾಸಿದ್ದ ಹಳೆಯ ಕ್ಯಾಲೆಂಡರಿನ ಹಾಳೆ ಮೊನ್ನೆ ಕೈಗೆ ಬಂತು. ನುಸಿಗುಳಿಗೆಯ ವಾಸನೆ ಇನ್ನೂ ಹೋಗಿರಲಿಲ್ಲ. ತಾರೀಖುಗಳ ಕೆಳಗೆ ಪೆನ್ಸಿಲಿನಲ್ಲಿ ನನ್ನದೇ ಅಂಕಿಗಳು: 58, 60, 57, 58... ನನ್ನ ಬೆಳಗಿನ ನಾಡಿಬಡಿತ. ಅದರಲ್ಲಿ ಒಂದು ಸುಳ್ಳು.

ಬನಹಟ್ಟಿಯಲ್ಲಿ ನಮ್ಮ ಪಕ್ಕದ ಮನೆಯಲ್ಲಿ ನಿವೃತ್ತಿಯಾಗಿದ್ದ ನರ್ಸಬಾಯಿ ಒಬ್ಬರಿದ್ದರು. ನಾನಾಗ ಪೊಲೀಸ್ ನೇಮಕಾತಿಯ ಓಟಕ್ಕೆ ತಯಾರಿ ನಡೆಸಿದ್ದೆ. ತಯಾರಿ ಎಂದರೆ ದಿನಾ ಜೀವ ಬಿಟ್ಟು ಓಡುವುದು ಎಂದು ತಿಳಿದಿದ್ದ ಮೂಢೆ ನಾನು. ಒಂದು ದಿನ ಕಟ್ಟೆಯ ಮೇಲೆ ಏದುಸಿರು ಬಿಡುತ್ತ ಕೂತವಳ ಮಣಿಕಟ್ಟನ್ನು ಅವರೇ ಬಂದು ಹಿಡಿದರು. ಮೂರು ಬೆರಳು, ತಣ್ಣಗೆ. ಗಡಿಯಾರ ನೋಡುತ್ತ ಎಣಿಸಿ, "ಕಾಲಷ್ಟ ಕಲತಾವ. ಎದಿಗೂ ಕಲಿಸ್ಬೇಕವಾ," ಎಂದರು.

ಅಂದಿನಿಂದ ಅವರದೇ ಕಾನೂನು. ಹಾಸಿಗೆಯಿಂದ ಏಳುವ ಮುನ್ನ ಪೂರ್ತಿ ಒಂದು ನಿಮಿಷ ನಾಡಿ ಎಣಿಸಿ ಬರೆಯಬೇಕು. ಎಂದಿನಂತಿದ್ದರೆ ಓಟ, ಹತ್ತು ಹೆಚ್ಚಾದರೆ ಆ ದಿನ ಬರೀ ನಡಿಗೆ. ಮೊದಲ ದಿನ ನೂರಿಪ್ಪತ್ತು ಎಂದು ಬರೆದುಕೊಂಡು ಹೋಗಿದ್ದೆ. ಅವರು ಹೊಟ್ಟೆ ಹಿಡಿದುಕೊಂಡು ನಕ್ಕರು.

"ಇದು ನಿನ್ನ ನಾಡಿ ಅಲ್ಲ, ನಿಮ್ಮಪ್ಪನ ಮಗ್ಗ. ಅದು ಸುರು ಆಗೂದ್ರೊಳಗ ಎಣಸು."

ಗೋಡೆಯಾಚೆಯ ಖಟಖಟವನ್ನೇ ನಾನು ಎಣಿಸಿದ್ದೆ.

ರಬಕವಿ ದಾರಿಯಲ್ಲಿ ವಾರಗಟ್ಟಲೆ ನಿಧಾನವಾಗಿ ಓಡಿಸಿದರು. ನಡುವೆ ನಿಂತು ಎಣಿಸಬೇಕು, ಬಡಿತ ಏರಿದ್ದರೆ ನಡೆಯಬೇಕು. ಹಾಲಿನ ಸೈಕಲ್ಲಿನವರು ನಗುತ್ತ ದಾಟಿ ಹೋಗುವಾಗ ಸಿಟ್ಟು ನೆತ್ತಿಗೇರುತ್ತಿತ್ತು. ಆದರೆ ಎಪ್ಪತ್ತು ಇದ್ದ ಬೆಳಗಿನ ಅಂಕಿ ಐವತ್ತೆಂಟಕ್ಕೆ ಇಳಿಯಿತು. ಏದುಸಿರಿಲ್ಲದೆ ದೂರ ದೂರ ಓಡತೊಡಗಿದೆ.

ಪರೀಕ್ಷೆಗೆ ಮೂರು ದಿನ ಇದ್ದಾಗ ಎಪ್ಪತ್ನಾಲ್ಕು ಬಂತು. ಮೈ ಬೆಚ್ಚಗಿತ್ತು. ಹೇಳಿದರೆ ಓಡಲು ಬಿಡುವುದಿಲ್ಲ ಎಂದು ಐವತ್ತೆಂಟು ಬರೆದೆ. ಅವರು ಹಾಳೆ ನೋಡಿ, "ಛಲೋ ಐತಿ, ಇವತ್ತ ಜೋರ ಓಡು," ಎಂದರು. ಕೈ ಹಿಡಿದು ನೋಡಲಿಲ್ಲ. ನನ್ನನ್ನು ಅಷ್ಟು ನಂಬಿದ್ದರು.

ಪರೀಕ್ಷೆಯ ದಿನ ಕೊನೆಯ ಸುತ್ತಿನಲ್ಲಿ ಕಾಲು ಸೋತು ಮೈದಾನದಲ್ಲೇ ಕುಳಿತುಬಿಟ್ಟೆ. ಆಮೇಲೆ ವಾರವಿಡೀ ಜ್ವರ.

"ನಂದ ತಪ್ಪಾತವಾ," ಎಂದರು ನರ್ಸಬಾಯಿ, ನಮ್ಮವ್ವನ ಎದುರು. "ಹುಡುಗಿ ದಣದಿದ್ದು ನನಗ ತಿಳೀಲಿಲ್ಲ. ವಯಸ್ಸಾತು ನನಗ." ನಾನು ಕೌದಿಯೊಳಗೆ ಮುಖ ಮುಚ್ಚಿಕೊಂಡು ಎಲ್ಲವನ್ನೂ ಕೇಳಿಸಿಕೊಂಡೆ.

ಮುಂದಿನ ವರ್ಷ ಓಣಿಯ ಬೇರೆ ಹುಡುಗಿಯರು ತಮಗೂ ಓಟ ಕಲಿಸಿ ಎಂದು ಅವರನ್ನು ಕೇಳಿಕೊಂಡು ಬಂದರು. "ನನಗ ಅದೆಲ್ಲಾ ತಿಳಿಯೂದಿಲ್ರವಾ," ಎಂದು ಕಳಿಸಿಬಿಟ್ಟರು. ಆಗಲೂ ನಾನು, ನಾಳೆ ಹೇಳಿದರಾಯಿತು ಎಂದುಕೊಂಡೆ... ಅವರು ಮುಧೋಳದ ತಮ್ಮನ ಮನೆಗೆ ಹೋದರು. ಆಮೇಲೆ ಬಂದದ್ದು ಸಾವಿನ ಸುದ್ದಿ.

ಈಗ ಜಮಖಂಡಿಯಲ್ಲಿ ಬೆಳಿಗ್ಗೆ ಓಡುತ್ತೇನೆ. ಕೈಯಲ್ಲಿನ ವಾಚು ತಾನೇ ನಾಡಿ ಎಣಿಸುತ್ತದೆ, ಅದಕ್ಕೆ ಸುಳ್ಳು ಹೇಳಲು ಆಗುವುದಿಲ್ಲ. ಮೊನ್ನೆ ಆ ಹಾಳೆಯನ್ನು ಮೇಜಿನ ಮೇಲೆ ಹರಡಿ, ಆ ದಿನದ ಐವತ್ತೆಂಟನ್ನು ಹೊಡೆದುಹಾಕಿ ಪಕ್ಕದಲ್ಲಿ ಎಪ್ಪತ್ನಾಲ್ಕು ಎಂದು ಬರೆದೆ. ನೋಡಬೇಕಾದವರು ಇಲ್ಲ.