ಅಮ್ಮಯಮ್ಮನ ವರಸೆ

ನಮ್ಮತ್ತೆ ಅಮ್ಮಯಮ್ಮ ತಮ್ಮ ಗಂಡನ್ನ ಕೊನೇವರೆಗೂ 'ಮಾವ' ಅಂತಲೇ ಕರೆದ್ರು. ಯಾಕಂದ್ರೆ ಅವರು ಕಟ್ಕೊಂಡಿದ್ದು ಸ್ವಂತ ತಾಯಿಯ ತಮ್ಮನ್ನ. ಹದಿನೈದಕ್ಕೇ ಮದುವೆ. ತವರಿಗೂ ಗಂಡನ ಮನೆಗೂ ನಡುವೆ ಇದ್ದಿದ್ದು ಒಂದು ಕೆರೆ ಏರಿ ಅಷ್ಟೇ. ಅತ್ತೆ ಯಾರಪ್ಪಾ ಅಂದ್ರೆ, ಎತ್ತಾಡಿಸಿ ಬೆಳೆಸಿದ ಅಜ್ಜಿ. "ಅತ್ತೆ ಗದರ್ತಿರ್ಲಿಲ್ವಾ?" ಅಂತ ಒಂದ್ಸಲ ಕೇಳಿದ್ದೆ. "ಅಜ್ಜಿ ಗದರಿದ್ರೆ ಯಾರೇ ಹೆದರ್ಕೋತಾರೆ?" ಅಂತ ನನ್ನನ್ನೇ ಗದರಿದ್ರು.

ನಾನು ಮಮತ. ಅಮ್ಮಯಮ್ಮನ ತಮ್ಮನ ಮಗಳು, ಅವರ ದೊಡ್ಡ ಮಗನ ಹೆಂಡ್ತಿ. ಹುಟ್ಟಿದಾಗಲೂ ಅತ್ತೆ, ಮದುವೆ ಆದ್ಮೇಲೂ ಅತ್ತೆ, ನಂಗೆ ಪದ ಬದಲಾಯಿಸೋ ಕಷ್ಟ ಬರ್ಲಿಲ್ಲ. ನಂಗೆ ಮೂಗಿನ ತುದೀಲಿ ಸಿಟ್ಟು ಅಂತ ಊರೆಲ್ಲ ಹೇಳುತ್ತೆ. ಹೇಳ್ಕೊಳ್ಲಿ ಬಿಡಿ. ತೂಬಗೆರೆ ಹತ್ರದ ನಮ್ಮೂರಲ್ಲಿ ಅಮ್ಮಯಮ್ಮನಿಗೆ ಎದುರು ಮಾತಾಡಿ ದಕ್ಕಿಸ್ಕೊಂಡೋಳು ನಾನೊಬ್ಳೇ.

ಎದುರಾಡೋದೇನು ಸುಲಭ ಅಲ್ಲ. ಅವರಿಗೆ ವರಸೆ ಗೊತ್ತಿತ್ತು. ವರಸೆ ಅಂದ್ರೆ ಯಾರಿಗೆ ಯಾರು ಏನಾಗ್ಬೇಕು ಅನ್ನೋದು. ಅಕ್ಕನ ಮಗಳನ್ನ ಕಟ್ಕೋಬಹುದು, ಅಣ್ಣನ ಮಗಳನ್ನ ಕಟ್ಕೊಳ್ಳೋ ಹಾಗಿಲ್ಲ, ಅವ್ಳು ಮಗಳೇ. ಅತ್ತೆ ಮಗ ಗಂಡ ಆಗ್ಬಹುದು, ಚಿಕ್ಕಪ್ಪನ ಮಗ ಒಡಹುಟ್ಟಿದೋನು. ಇಷ್ಟು ಎಲ್ರಿಗೂ ಗೊತ್ತು. ಆದ್ರೆ ಬೀಗರ ಬೀಗರು, ಅವರ ಸೊಸೆಯ ತವರು, ಅಲ್ಲಿಂದ ಇನ್ನೊಂದು ಊರು, ಹೀಗೆ ಹಿಡ್ಕೊಂಡು ಹೋಗಿ ವರಸೆ ಕೂಡುತ್ತೋ ಇಲ್ವೋ ಅಂತ ಹೇಳೋದು ಅಮ್ಮಯಮ್ಮ ಮಾತ್ರ. ಒಂದ್ಸಲ ಚಪ್ಪರ ಹಾಕಿ ಆದ್ಮೇಲೆ ಮದುವೆ ಮನೇಲಿ ಕಾಫಿ ಕುಡೀತಾ ಕೂತಿದ್ದೋರು ಧಡಕ್ಕನೆ ಎದ್ದು, "ಲೇ, ಈ ಹುಡುಗಿ ಆ ಹುಡುಗನಿಗೆ ಚಿಕ್ಕಮ್ಮ ಆಗ್ತಾಳೆ ಕಣ್ರೋ!" ಅಂದ್ಬಿಟ್ರು. ಚಪ್ಪರ ಬಿಚ್ಚಿದ್ರು. ಆ ಹುಡುಗಿ ಈಗ ಹೊಸಕೋಟೇಲಿ ಮೊಮ್ಮಕ್ಕಳ ಜೊತೆ ಚೆನ್ನಾಗಿದ್ದಾಳೆ ಅನ್ನಿ. ಆದ್ರೂ ನಂಗೆ ಅವತ್ತು ಮೈಯೆಲ್ಲ ಉರಿದಿತ್ತು.

ಈಗ ಯಾರು ಕೇಳ್ತಾರೆ ವರಸೆ? ಹುಡುಗ ಹುಡುಗಿ ಫೋನಲ್ಲೇ ಎಲ್ಲಾ ಮಾತಾಡಿ ಮುಗಿಸಿರ್ತಾರೆ. ಛತ್ರ ಬುಕ್ ಆದ್ಮೇಲೆ ಹಿರಿಯರು ಬಂದು, "ಏನಮ್ಮಾ, ವರಸೆ ಆಗುತ್ತಲ್ವಾ?" ಅಂತ ಉಪಚಾರಕ್ಕೆ ಒಂದು ಮಾತು ಕೇಳ್ತಾರೆ. ಅತ್ತೆ "ಆಗುತ್ತೆ, ಆಗುತ್ತೆ" ಅಂತ ಎಲೆ ಅಡಿಕೆ ಬಾಯಿಗೆ ಹಾಕ್ಕೋತಾರೆ. ಅವರು ಹೋದ್ಮೇಲೆ, "ಆಗ್ದೆ ಇದ್ರೆ ಬಿಡ್ತಾರೇನೇ?" ಅಂತ ನನ್ ಕಡೆ ನೋಡ್ತಾರೆ.

ಹೊರಗಿನೋರ ಮಾತು ಬಿಡಿ, ಇದು ನಮ್ಮನೇಗೇ ಬಂತು. ಅತ್ತೆಯ ಚಿಕ್ಕ ಮಗ, ನನ್ನ ಮೈದುನ ಕೆಂಪರಾಜ. ಬಂಗಾರದಂಥಾ ಮನುಷ್ಯ, ಬಾಯಿ ಮಾತ್ರ ಇಲ್ಲ. ಹಲಸಿನ ತೋಪು, ರಾಗಿ ಹೊಲ, ಹಸು ಇಷ್ಟೇ ಅವನ ಪ್ರಪಂಚ. ನನ್ನ ನಾದಿನಿಗೆ, ಅಂದ್ರೆ ಕೆಂಪನ ಅಕ್ಕನಿಗೆ, ಅಕ್ಷತ ಹುಟ್ಟಿದ ದಿನವೇ ಅತ್ತೆ ತೊಟ್ಟಿಲ ಮುಂದೆ ನಿಂತು, "ಕೆಂಪನ ಹೆಂಡ್ತಿ ಬಂದ್ಲು" ಅಂದಿದ್ರು. ಆಗ ಅವನು ಹೈಸ್ಕೂಲು. ಅಲ್ಲಿಂದ ಯಾರಾದ್ರೂ ಹೆಣ್ಣಿನ ಮಾತೆತ್ತಿದ್ರೆ ಸಾಕು, "ಹೆಣ್ಣು ಮನೇಲೇ ಐತೆ" ಅಂತ ಬಾಗಿಲು ಹಾಕ್ಬಿಡೋರು.

ಆ ಹೆಣ್ಣು ದೊಡ್ಡಬಳ್ಳಾಪುರದಲ್ಲಿ ಓದಿ, ಅಲ್ಲೇ ಒಂದು ಆಸ್ಪತ್ರೆಯ ಲ್ಯಾಬಿನಲ್ಲಿ ಕೆಲಸಕ್ಕೆ ಸೇರ್ಕೊಂಡ್ಲು. ಒಂದು ಭಾನುವಾರ ಬಂದು ಅಜ್ಜಿ ಮುಂದೆ ನಿಂತು, "ಅಜ್ಜೀ, ಮಾವ ನನ್ನ ಹೆಗಲ ಮೇಲೆ ಕೂರಿಸ್ಕೊಂಡು ತೋಪೆಲ್ಲ ಸುತ್ತಿಸಿದೋರು. ಅವರನ್ನ ಹೆಂಗೆ ಕಟ್ಕೊಳ್ಲಿ? ನಂಗೆ ವಸಂತ್ ಅಂತ ಒಬ್ರು ಇಷ್ಟ" ಅಂದ್ಲು. ಅತ್ತೆ ಬಾಯಿ ತೆಗೆಯೋ ಮುಂಚೆ ಕೆಂಪರಾಜನೇ, "ಅವ್ವಾ, ಒಲ್ಲೆ ಅಂತಿರೋನು ನಾನು. ಅವಳನ್ನ ಏನೂ ಅನ್ಬೇಡ" ಅಂದ. ಮದುವೆ ದಿನ ಸೋದರಮಾವನಾಗಿ ಅವನೇ ಅವಳ ಕೈ ಹಿಡ್ಕೊಂಡು ಮಂಟಪಕ್ಕೆ ಕರ್ಕೊಂಡು ಬಂದ. ನಗ್ತಾನೇ ಇದ್ದ. ನಾನು ಅಡುಗೆ ಮನೆಗೆ ಹೋಗಿ ಅತ್ತುಬಿಟ್ಟೆ.

ಆಮೇಲೆ ಹುಡುಕೋಕೆ ಹೊರಟ್ರೆ ಹೆಣ್ಣೆಲ್ಲಿ? ಕೆಂಪನ ಕಿವಿ ಪಕ್ಕ ಆಗ್ಲೇ ಬೆಳ್ಳಗಾಗಿತ್ತು. ಹೋದ ಮನೇಲೆಲ್ಲ ಒಂದೇ ಪಾಠ. "ಹುಡುಗ ಏನ್ಮಾಡ್ತಾನೆ?" "ಬೇಸಾಯ." "ಅದು ಸರಿ, ಕೆಲಸ ಏನ್ಮಾಡ್ತಾನೆ?" ನಂಗೆ ಆ ಮಾತು ಕೇಳಿದ್ರೆ ಅವರ ಮನೆ ಕಾಫಿ ಲೋಟ ಅಲ್ಲೇ ಕುಕ್ಕಿ ಬರೋಣ ಅನ್ಸೋದು. ಎರಡು ಮನೇಲಿ ಕುಕ್ಕಿನೂ ಬಂದೆ.

ಕೊನೆಗೆ ದಾರಿ ತೋರಿಸಿದೋಳು ಅಕ್ಷತಾನೇ. ಅವಳ ಆಸ್ಪತ್ರೆ ಔಷಧಿ ಕೌಂಟರಲ್ಲಿ ಪ್ರಮೋದಾ ಅಂತ ಒಬ್ಬಳಿದ್ದಾಳೆ. ನೆಲಮಂಗಲದ ಹತ್ರದ ತ್ಯಾಮಗೊಂಡ್ಲು ಕಡೆಯೋಳು. ಗಂಡ ಲಾರಿ ಅಪಘಾತದಲ್ಲಿ ಹೋದ. ಎರಡನೇ ಕ್ಲಾಸಿನ ಮಗಳು ಯಶಸ್ವಿನೀನ ತವರಲ್ಲಿ ಬಿಟ್ಟು, ತಾನು ದೊಡ್ಡಬಳ್ಳಾಪುರದ ಹಾಸ್ಟೆಲಲ್ಲಿದ್ದು ದುಡೀತಾಳೆ. ವಾರಕ್ಕೊಮ್ಮೆ ಊರಿಗೆ ಹೋಗ್ತಾಳೆ. ಯಾವಾಗ್ಲೋ ಹಸುವಿನ ಔಷಧಿ ಕೇಳೋಕೆ ತಪ್ಪಾಗಿ ಅಲ್ಲಿಗೆ ಹೋದ ನಮ್ಮ ಕೆಂಪನಿಗೂ ಅವಳಿಗೂ ನಾಲ್ಕು ಮಾತಾಗಿದೆ. ಆಮೇಲೆ ಈ ಮಹಾನುಭಾವ ಹಸುವಿಗೆ ಹುಷಾರಿಲ್ಲ ಅಂತ ಮನುಷ್ಯರ ಆಸ್ಪತ್ರೆಗೆ ಇನ್ನೂ ಮೂರ್ನಾಲ್ಕು ಸಲ ಹೋಗಿದ್ದಾನೆ! ಅಕ್ಷತ ಹೇಳಿ ನಗೋವಾಗ ಅವನು ಕೆಂಪಾಗಿ ಕೊಟ್ಟಿಗೆ ಕಡೆ ಎದ್ದು ಹೋದ.

ನಾನು ಟೊಂಕ ಕಟ್ಟಿ ಜಗಳಕ್ಕೆ ತಯಾರಾದೆ. ಗಂಡ ಸತ್ತೋಳು, ಮೇಲೆ ಮಗು, ಮೇಲೆ ಗೊತ್ತಿಲ್ಲದ ನೆಲಮಂಗಲದ ಸೀಮೆ. ಅತ್ತೆ ಒಪ್ತಾರಾ? ಅತ್ತೆ ಎಲೆಗೆ ಸುಣ್ಣ ಹಚ್ತಾ, "ಅದಕ್ಕೇನಾಯ್ತೀಗ? ಮನೆದೇವ್ರು ಯಾವುದು ಕೇಳು" ಅಂದ್ರು. ಮನೆದೇವ್ರು ಒಂದೇ ಆದ್ರೆ ಒಡಹುಟ್ಟಿದೋರ ಲೆಕ್ಕ. ಅವರದ್ದು ಬೇರೆ. "ಹಂಗಾದ್ರೆ ವರಸೆ ಆಗುತ್ತೆ. ಕರ್ಸಿ" ಅಂದ್ರು. ನನ್ನ ಜಗಳ ಎಲ್ಲಾ ಬಾಯಲ್ಲೇ ಉಳೀತು.

ಮನೆ ನೋಡೋಕೆ ಪ್ರಮೋದಾ, ಅವಳಪ್ಪ ವೆಂಕಟರಮಣಪ್ಪ, ಆ ಮಗು ಮೂರು ಜನ ಬಂದ್ರು. ಅಕ್ಷತಾನೂ ಜೊತೆಗಿದ್ಲು. ಹಲಸಿನ ಕಾಲ. ಕೆಂಪ ಕೈಗೆ ಎಣ್ಣೆ ಹಚ್ಕೊಂಡು ಜಗಲೀಲಿ ಹಣ್ಣು ಬಿಡಿಸ್ತಾ ಕೂತ. ಮಗು ಅವನ ಪಕ್ಕ ಕೂತು, ಅವನು ಕೊಟ್ಟಿದ್ದು ಕೊಟ್ಟಂಗೆ ತಿಂತಾ ಇತ್ತು. ಪ್ರಮೋದಾ ಅದನ್ನೇ ನೋಡ್ತಿದ್ಲು. ನಂಗೂ ಹೊಟ್ಟೆ ತಣ್ಣಗಾಯ್ತು. ಅಷ್ಟರಲ್ಲಿ ಮಗು, "ಮಾವಾ, ಇನ್ನೊಂದು ತೊಳೆ" ಅಂತು. ಅಕ್ಷತ ಮಾವ ಮಾವ ಅಂತಿದ್ದದ್ದು ಕೇಳಿ ತಾನೂ ಕಲ್ತಿತ್ತು ಅಷ್ಟೇ.

ಅತ್ತೆ ಎಲೆ ಜಗಿಯೋದು ನಿಲ್ಸಿದ್ರು. "ಏನಂದೆ ಮಗಾ?"

"ಮಾವ ಅಂದೆ."

"ಅವನು ನಿಂಗೆ ಮಾವ ಆದ್ರೆ ನಿಮ್ಮವ್ವ ಅವನಿಗೆ ಅಕ್ಕ ಆದ್ಲು. ಅಕ್ಕನ್ನ ಕಟ್ಕೋತಾರಾ? ವರಸೆ ಕೆಡಿಸ್ಬೇಡ. ಚಿಕ್ಕಪ್ಪ ಅನ್ನು."

ನಾವೆಲ್ಲ ನಕ್ವಿ. ಮಗು ನಗ್ಲಿಲ್ಲ. ಕೈಲಿದ್ದ ತೊಳೆ ತಟ್ಟೇಲಿ ಇಟ್ಟು, "ಚಿಕ್ಕಪ್ಪ ನಮ್ಮ ಬಟ್ಟೆ ಎಲ್ಲಾ ಬೀದಿಗೆ ಎಸೆದ್ರು. ನಾನು ಅನ್ನಲ್ಲ" ಅಂತು. ಗಂಡ ಹೋದ್ಮೇಲೆ ಪ್ರಮೋದಾಳ ಮೈದುನ ತಾಯಿ ಮಗಳನ್ನ ಮನೆಯಿಂದ ಆಚೆ ಹಾಕಿದ್ದು ನಮಗೆ ಗೊತ್ತಾಗಿದ್ದೇ ಆಗ. ವೆಂಕಟರಮಣಪ್ಪ ಗಾಬರಿಯಾಗಿ, "ಆಯ್ತು ಬಿಡು ಪುಟ್ಟಿ, ಅಪ್ಪ ಅಂತಲೇ ಕರಿ" ಅಂದ್ರು. "ನಂಗೆ ಅಪ್ಪ ಇದ್ರು" ಅಂತ ಮಗು ಎದ್ದು ಅಮ್ಮನ ಸೆರಗು ಹಿಡ್ಕೊಂಡ್ತು.

ಅತ್ತೆ ಅಲ್ಲಿಗಾದ್ರೂ ಬಿಡ್ಬೇಕಿತ್ತಲ್ವಾ? ಬಿಡ್ಲಿಲ್ಲ. "ಏನಾದ್ರೂ ಒಂದು ಅನ್ಲೇಬೇಕಲ್ಲಮ್ಮಾ. ಕರಿಯೋಕೆ ಪದ ಇಲ್ದೆ ಒಂದು ಮನೇಲಿ ಹೆಂಗಿರ್ತೀರಿ?" ಅಂದ್ರು. ಪ್ರಮೋದಾ ಮಗು ಕೈ ಹಿಡಿದು ಎದ್ದು ನಿಂತ್ಲು. "ಅಮ್ಮಾ, ಇವಳ ಬಾಯಲ್ಲಿ ಬರದೇ ಇರೋ ಮಾತನ್ನ ಬಲವಂತವಾಗಿ ಹೇಳಿಸಿ ನಾನು ಮದುವೆ ಆಗಲ್ಲ. ತಪ್ಪು ತಿಳ್ಕೋಬೇಡಿ" ಅಂದ್ಲು. ಅರ್ಧ ಗಂಟೇಲಿ ಹೊರಟೇ ಹೋದ್ರು.

ನಾನು ಬಾಯಿಗೆ ಬಂದಿದ್ದೆಲ್ಲ ಅಂದೆ. "ನಿಮ್ಮ ವರಸೆ ಹಿಡ್ಕೊಂಡು ಮಗನ್ನ ಒಂಟಿ ಮಾಡಿ ಕೂರಿಸಿ ಇನ್ನ! ಹೆಣ್ಣು ಮನೇಲೇ ಐತೆ ಅಂತ ಅವನ ವಯಸ್ಸು ತಿಂದ್ರಿ, ಈಗ ಬಂದ ಹೆಣ್ಣನ್ನೂ ಓಡಿಸಿದ್ರಿ!" ಕೆಂಪ ಕೈಗಂಟಿದ ಮೇಣ ಒರೆಸ್ಕೊಳ್ತಾ, ತಲೆ ಎತ್ತದೆ, "ನಂಗೆ ಅವರಿಬ್ರೂ ಬೇಕಿತ್ತು ಅತ್ತಿಗೆ" ಅಂದ. ಹುಟ್ಟಿದಾಗಿನಿಂದ ಆ ಮನುಷ್ಯ ಇದು ಬೇಕು ಅಂತ ಬಾಯಿ ಬಿಟ್ಟು ಕೇಳಿದ್ದು ನಾನು ಕಾಣೆ. ಅತ್ತೆ ಅದನ್ನ ಕೇಳಿಸ್ಕೊಂಡ್ರು. ಅವತ್ತು ಊಟಕ್ಕೆ ಏಳ್ಲಿಲ್ಲ.

ಒಂದು ವಾರ ಕಳೀತು. ಭಾನುವಾರ ಬೆಳಿಗ್ಗೆ ನೋಡ್ತೀನಿ, ಅತ್ತೆ ಒಳ್ಳೇ ಸೀರೆ ಉಟ್ಕೊಂಡು ಬಾಗಿಲಲ್ಲಿ ನಿಂತಿದ್ದಾರೆ. "ನಡಿಯೇ, ತ್ಯಾಮಗೊಂಡ್ಲುಗೆ."

"ನಾವು ಗಂಡಿನ ಕಡೆಯೋರು. ಬೇಡ ಅಂದು ಹೋದೋರ ಮನೆಗೆ ನಾವೇ ಹೋಗೋದಾ?"

"ನೀನು ಬರ್ತೀಯೋ, ನಾನೊಬ್ಳೇ ಹೋಗ್ಲೋ?"

ಮೊಣಕಾಲು ನೋವಿನ ಮುದುಕೀನ ಎರಡು ಬಸ್ಸು ಹತ್ತಿಸಿ ಇಳಿಸಿದೆ. ತೆಂಗಿನ ತೋಟದ ಪಕ್ಕದ ಅವರ ಮನೆ ಸೇರಿದ್ರೆ, ವೆಂಕಟರಮಣಪ್ಪ ಕಂಗಾಲಾಗಿ ಕುರ್ಚಿ ಹಾಕಿದ್ರು. ಪ್ರಮೋದಾ ನೀರು ತಂದಿಟ್ಟು, ಬಿಗಿದ ಮುಖದಲ್ಲಿ ಬಾಗಿಲಿಗೆ ಒರಗಿ ನಿಂತ್ಲು. ಅತ್ತೆ ದೊಡ್ಡೋರನ್ನ ಯಾರನ್ನೂ ಮಾತಾಡಿಸ್ಲಿಲ್ಲ. ಅಂಗಳದಲ್ಲಿ ಆಡ್ತಿದ್ದ ಮಗೂನ ಕರೆದು, ತಾವೂ ಕುರ್ಚಿ ಬಿಟ್ಟು ಮೆಟ್ಟಿಲ ಮೇಲೆ ಕೂತ್ರು.

"ನಿಮ್ಮಪ್ಪನ್ನ ಅಪ್ಪ ಅಂತಿದ್ದೆ ಅಲ್ವಾ?"

"ಹ್ಞೂಂ."

"ಅದು ಅವರಿಗೇ ಇರ್ಲಿ. ಇನ್ಯಾರಿಗೂ ಕೊಡ್ಬೇಡ. ಆ ಇನ್ನೊಂದು ಪದ ಇದ್ಯಲ್ಲ, ಬಟ್ಟೆ ಎಸೆದೋನ್ದು, ಅದು ನಮಗೆ ಬೇಡ್ವೇ ಬೇಡ. ಅವತ್ತು ನಾನು ಅದನ್ನ ಹೇಳ್ಬಾರ್ದಾಗಿತ್ತು."

ಮಗು ಬಂದು ಅವರ ಪಕ್ಕ ಮೆಟ್ಟಿಲ ಮೇಲೆ ಕೂತ್ಕೊಳ್ತು.

"ನಮ್ಮನೇಲಿ ಒಂದು ಪದ ಸುಮ್ನೆ ಬಿದ್ದೈತೆ. ನಾನು ನಮ್ಮಪ್ಪನ್ನ ಅಣ್ಣ ಅಂತಿದ್ದೆ. ಕೆಂಪರಾಜ ಅವರಪ್ಪನ್ನ ಅಣ್ಣ ಅಂತಿದ್ದ. ನಮ್ಮ ಕಡೆ ಹಂಗೇ. ಇವಳ ಮಕ್ಳು ಇದಾವಲ್ಲ, ಡ್ಯಾಡಿ ಅಂತಾವೆ," ಅಂತ ನನ್ ಕಡೆ ಒಂದು ಕೆಂಗಣ್ಣು ಬಿಟ್ರು. "ಆ ಪದ ಬೇಕಾದ್ರೆ ನೀನು ಇಟ್ಕೋ."

"ಅಣ್ಣ ಅಂದ್ರೆ ಬ್ರದರ್ ಅಲ್ವಾ?"

"ಹೊರಗಿನೋರು ಹಂಗಂದ್ಕೊಳ್ಲಿ. ಮನೆಯೋರಿಗೆ ಗೊತ್ತಿರುತ್ತೆ."

ವೆಂಕಟರಮಣಪ್ಪ ಗಂಟಲು ಸರಿಮಾಡ್ಕೊಂಡು, "ಅಲ್ಲಮ್ಮಾ, ಅಣ್ಣ ಅಂದ್ರೆ ವರಸೆ ಹೆಂಗೆ..." ಅಂತ ಶುರು ಮಾಡಿದ್ರು. ಅತ್ತೆ ತಿರುಗಿದ್ರು ನೋಡಿ. "ಏನಪ್ಪಾ, ವರಸೆ ನಂಗೆ ಹೇಳ್ಕೊಡ್ತೀಯಾ? ಕೂಡುತ್ತೆ ಅಂತ ನಾನೇ ಹೇಳ್ತಿದ್ದೀನಲ್ಲ, ಇನ್ಯಾರನ್ನ ಕೇಳ್ಬೇಕು?" ಆ ಮನುಷ್ಯ ಕುರ್ಚೀಲಿ ಹಿಂದಕ್ಕೆ ಸರಿದ್ರು. ನಂಗೆ ನಗು ತಡ್ಯೋಕಾಗ್ಲಿಲ್ಲ.

ಮಗು ಯೋಚ್ನೆ ಮಾಡ್ತು. ಕಲ್ಲಿನ ಮೇಲೆ ಬೆರಳಲ್ಲಿ ಏನೋ ಗೀಚ್ತು. ಆಮೇಲೆ, "ಒಂದ್ಸಲ ಕರೆದು ನೋಡ್ತೀನಿ. ಚೆನ್ನಾಗಿಲ್ಲಾಂದ್ರೆ ಬಿಟ್ಬಿಡ್ತೀನಿ" ಅಂತು.

"ಆಗ್ಲಿ. ಬಲವಂತ ಇಲ್ಲ."

ನಾನು ಫೋನ್ ಹಚ್ಚಿ ಸ್ಪೀಕರ್‌ಗೆ ಹಾಕಿದೆ. ಆ ಕಡೆ ಕೊಟ್ಟಿಗೇಲಿ ಹಸು ಕೂಗೋದು ಕೇಳಿಸ್ತು. "ಹೇಳಿ ಅತ್ತಿಗೆ" ಅಂದ ಕೆಂಪ. ನಾನು ಫೋನನ್ನ ಮಗು ಬಾಯಿ ಹತ್ರ ಹಿಡಿದೆ.

"ಅಣ್ಣಾ," ಅಂತು ಮಗು. "ನಾನು ಯಶಸ್ವಿನಿ."

ಮಗು ನನ್ನ ಮುಖ ನೋಡ್ತು, ಲೈನ್ ಕಟ್ಟಾಯ್ತಾ ಅಂತ. ಪ್ರಮೋದಾ ಬಾಗಿಲು ಬಿಟ್ಟು ಎರಡು ಹೆಜ್ಜೆ ಮುಂದೆ ಬಂದ್ಲು. ಕೊನೆಗೆ ಕೆಂಪನ ದನಿ ಬಂತು. "ಹೇಳವ್ವಾ," ಅಂದ. ನಮ್ಮ ಕಡೆ ಗಂಡಸರು ಮಗಳನ್ನ ಹಂಗೇ ಮಾತಾಡಿಸೋದು, ಅವ್ವಾ ಅಂತ. ಅದನ್ನ ಅವನಿಗೆ ಯಾರೂ ಹೇಳಿಕೊಟ್ಟಿರ್ಲಿಲ್ಲ.

"ಏನಿಲ್ಲ, ಸುಮ್ನೆ ಕರ್ದೆ," ಅಂತು ಮಗು. "ನಾಳೆನೂ ಕರೀತೀನಿ."

"ದಿನಾ ಕರಿಯವ್ವಾ," ಅಂದ.

ಅತ್ತೆ ಫೋನ್ ಕಿತ್ಕೊಂಡು, "ಲೇ, ಅಳ್ಬೇಡ ಕಣೋ, ಇಲ್ಲಿ ಎಲ್ಲಾ ಕೇಳಿಸ್ಕೋತಾ ಇದ್ದಾರೆ" ಅಂತ ಗದರಿ ಇಟ್ಬಿಟ್ರು. ಗದರಿದೋರ ಕಣ್ಣಲ್ಲೇ ನೀರು ಧಾರಾಕಾರ.

ಹೆಣ್ಣು ಕೇಳೋಕೆ ಹೋದ ಮನೇಲಿ ಒಪ್ಪಿಗೆ ಆಗೋವರೆಗೂ ನಾವು ಕಾಫಿ ಕುಡೀತೀವೇ ಹೊರ್ತು ಅನ್ನ ಮುಟ್ಟಲ್ಲ. ಅವರೂ ಬಡಿಸಲ್ಲ. ಅದು ತ್ಯಾಮಗೊಂಡ್ಲು ಕಡೆಗೂ ಗೊತ್ತು, ತೂಬಗೆರೆ ಕಡೆಗೂ ಗೊತ್ತು. ನಾನು ಹೊರಡೋಕೆ ಚೀಲ ಎತ್ಕೊಂಡೆ. ಅಷ್ಟು ಹೊತ್ತಿಗೆ ಪ್ರಮೋದಾ ಒಳಗೆ ಹೋಗಿ ಬಾಳೆ ಎಲೆ ಹಾಕಿ ಬಂದಿದ್ಲು. ಅತ್ತೆ ಮುಂದೆ ಬಗ್ಗಿ, ಮೆಟ್ಟಿಲಿಂದ ಏಳೋಕೆ ಕೈ ಕೊಟ್ಲು.

"ಏಳಿ ಅತ್ತೆ," ಅಂದ್ಲು. "ಊಟ ಮಾಡ್ಕೊಂಡು ಹೋಗೋರಂತೆ."