ಮೀನೆಣ್ಣೆ ಹಚ್ಚಿದ ಸ್ವರಗಳು

ನನ್ನ ಹಾರ್ಮೋನಿಯಂ ಪೆಟ್ಟಿಗೆಯ ಮುಚ್ಚಳ ತೆರೆದರೆ ಸ್ವರಕ್ಕಿಂತ ಮೊದಲು ಮೀನೆಣ್ಣೆಯ ವಾಸನೆ ಬರುತ್ತದೆ. ಮೂರು ಮಳೆಗಾಲ ಕಳೆದರೂ, ಬೊಂಬಾಯಿಯ ರಿಪೇರಿಯವನು ಸ್ಪಿರಿಟ್ ಹಾಕಿ ತೊಳೆದರೂ ಅದು ಮರವನ್ನು ಬಿಟ್ಟು ಹೋಗಿಲ್ಲ. ದೋಣಿಗೆ ಹಚ್ಚುವ ಎಣ್ಣೆ ಸಂಗೀತದ ಪೆಟ್ಟಿಗೆಯೊಳಗೆ ಬಂದದ್ದು ಹೇಗೆಂದು ಹೇಳುತ್ತೇನೆ, ಮಿತ್ರರೇ. ಆದರೆ ಪೂರ್ತಿ ನಂಬಬೇಡಿ, ಅದರೊಳಗಿನ ಮುಖ್ಯ ಮಾತೊಂದು ಯಾರದೆಂದು ನನಗೇ ಖಾತ್ರಿಯಿಲ್ಲ.

ಆ ವರ್ಷಗಳಲ್ಲಿ ನಾನು ಬೊಂಬಾಯಿಯ ಹೋಟೆಲೊಂದರ ರಾಕ್ ಬ್ಯಾಂಡಿನಲ್ಲಿ ಇಲೆಕ್ಟ್ರಿಕ್ ಆರ್ಗನ್ ನುಡಿಸುತ್ತಿದ್ದೆ. ನುಡಿಸಿದ್ದೆಲ್ಲ ಪರದೇಶದ ರೆಕಾರ್ಡುಗಳಿಂದ ಕದ್ದದ್ದು. ಜನ ಕುಣಿಯುತ್ತಿದ್ದರೇ ಹೊರತು ಆರ್ಗನ್ನಿನ ಹಿಂದೆ ಉಪ್ಪುಂದವೆಂಬ ಕಡಲೂರಿನವನೊಬ್ಬ ನಿಂತಿದ್ದಾನೆಂಬುದು ಯಾರಿಗೂ ಬೇಕಿರಲಿಲ್ಲ. ನನ್ನದೆನ್ನುವ ಹಾಡುಗಳು ಹುಟ್ಟುತ್ತಿದ್ದದ್ದು ಮಳೆಗಾಲದ ರಜೆಯಲ್ಲಿ, ಊರಿನ ಸಂಗೀತ ನಾಟಕಕ್ಕೆ. ದೋಣಿಗಳನ್ನು ದಡಕ್ಕೆಳೆದು ಕೂತ ಮೀನುಗಾರರೇ ಅದರ ನಟರು. ಗದ್ದೆಯಿದ್ದ ಮನೆಯವನು ನಾನೊಬ್ಬನೇ. ಅವರಲ್ಲಿ ಶೀನ ನನ್ನ ಶಾಲೆಯ ಜೊತೆಗಾರ. ಹಾಡನ್ನು ನಾನು ಬರೆದಿಡುತ್ತಿರಲಿಲ್ಲ, ಶೀನನ ಗಂಟಲೇ ನನ್ನ ಪುಸ್ತಕವಾಗಿತ್ತು. ಅಂಬಿಗನೊಬ್ಬ ಬರಿದಾದ ದೋಣಿಯೊಡನೆ ಮಾತಾಡುವ ಹಾಡಿನ ಎರಡನೆಯ ಸಾಲನ್ನು ಅವನು ನಾನು ಹೇಳಿಕೊಟ್ಟದ್ದಕ್ಕಿಂತ ಒಂದಿಷ್ಟು ತಡೆದು ಹಾಡಿದ. ಹಾಗೆ ಹಾಡಿದ ಮೇಲೆ ಅದು ಮೊದಲಿಂದಲೂ ಹಾಗೇ ಇರಬೇಕಿತ್ತು ಅನ್ನಿಸಿತು. ನಾನು ಮಾಡಿದ್ದರಲ್ಲಿ ಒಳ್ಳೆಯದು ಅದೊಂದೇ.

ಆ ಸಲ ಪೆಟ್ಟಿಗೆಯನ್ನು ಅವನ ಮನೆಯಲ್ಲೇ ಬಿಟ್ಟು ಹೋದೆ. ಮರುವರ್ಷ ಅಭ್ಯಾಸದ ಮೊದಲ ದಿನ ಎಲ್ಲರೆದುರು ನುಡಿಸಿದರೆ ಅರ್ಧ ಸ್ವರಗಳು ಮೂಕ, ಉಳಿದವಕ್ಕೆ ಕೆಮ್ಮು.

"ಎಂತ ಮಾಡಿದ್ಯಾ ಮಾರಾಯ ಇದಕ್ಕೆ?" ಅಂದೆ.

"ಉಪ್ಪ್ ಗಾಳಿ ಅಲ್ದಾ, ಕಿಲುಬ್ ಹಿಡೂಕಾಗ ಅಂದೇಳಿ ಒಂದೊಂದ್ ರೀಡಿಗೂ ಮೀನೆಣ್ಣಿ ಹಚ್ಚಿದೆ," ಅಂದ ಶೀನ, ಹೊಗಳಿಕೆಗೆ ಕಾಯುವವನ ಹಾಗೆ. "ನಮ್ಮ ದೋಣಿ ಕಾಣ್, ಹನ್ನೆರಡ್ ವರ್ಷ ಆಯ್ತ್, ಎಂತದೂ ಆಯ್ಲಿಲ್ಲೆ."

ಸ್ವರ ಹುಟ್ಟಿಸುವ ಆ ಹಿತ್ತಾಳೆಯ ನಾಲಗೆಗಳಿಗೆ ಎಣ್ಣೆ ತಾಗಬಾರದೆಂದು ಹೇಳಿ ಹೋಗಬೇಕಾದವನು ನಾನು. ಹೇಳಿರಲಿಲ್ಲ. ಆಗ ಯಾರೋ ಅಂದರು: "ಮೀನ್ ಹಿಡುವ ಕೈಗೆ ಪೆಟ್ಟಿ ಕೊಟ್ರೆ ಇದೇ ಆಪ್ದ್." ಯಾರೋ ನಕ್ಕರು. ಅಂದದ್ದು ನಾಟಕಕ್ಕೆ ತಬಲಾ ನುಡಿಸುತ್ತಿದ್ದ ಸುಬ್ಬಣ್ಣನೆಂದೇ ನನ್ನ ನೆನಪು. ಅವನ ಎಲೆಯಡಿಕೆ ತುಂಬಿದ ಬಾಯಿ ಸಹಿತ ಕಣ್ಣಿಗೆ ಕಟ್ಟಿದೆ. ಕಳೆದ ವಾರ ಅವನನ್ನೇ ಕೇಳಿದೆ.

"ಹ್ವಾಯ್, ಅದ್ ನೀನೇ ಅಂದದ್. ನಾನ್ ನೆಗಾಡಿದ್ ಮಾತ್ರ," ಅಂದ.

ನೆನಪಿನ ಕೈಕೆಲಸ ನೋಡಿ: ನನ್ನ ಮಾತನ್ನು ಮತ್ತೊಬ್ಬನ ಬಾಯಿಗಿಟ್ಟದ್ದಲ್ಲದೆ, ಅನುಮಾನ ಬಾರದಿರಲೆಂದು ಎಲೆಯಡಿಕೆಯನ್ನೂ ಸೇರಿಸಿತ್ತು. ಸುಬ್ಬಣ್ಣನ ನೆನಪೂ ಅಷ್ಟೇ ನಯವಾಗಿ ಸುಳ್ಳಾಡುತ್ತಿರಬಹುದು. ಆದರೆ ಶೀನ ಆ ದಿನ ಎದ್ದು ಹೋದದ್ದರ ಬಗ್ಗೆ, ಮತ್ತೆಂದೂ ಹಾಡದಿದ್ದುದರ ಬಗ್ಗೆ ನಮ್ಮಿಬ್ಬರಿಗೂ ಭಿನ್ನಾಭಿಪ್ರಾಯವಿಲ್ಲ.

ಈಗ ಬ್ಯಾಂಡು ಒಡೆದಿದೆ, ನಾನು ಊರಿಗೆ ಮರಳಿದ್ದೇನೆ. ಮೊನ್ನೆ ಶೀನನ ಅಂಗಳಕ್ಕೆ ಹೋದಾಗ ಹರಿದ ಬಲೆ ಕಟ್ಟುತ್ತಿದ್ದ. ಆ ಹಾಡು ನನಗೆ ಎರಡನೆಯ ಸಾಲಿನಲ್ಲಿ ತಪ್ಪಿಹೋಗುತ್ತಿದೆ, ಒಮ್ಮೆ ಹಾಡು ಎಂದು ಬೇಡಿದೆ.

"ಯಾವ ಹಾಡ್ ಮಾರ್ರೆ? ನಂಗ್ ನೆನಪಿಲ್ಲೆ," ಅಂದ. "ಕೂಕಣಿ, ಚಾ ಕುಡ್ದ್ ಹೋಯ್ನಿ."

ಹಿಂದೆಲ್ಲ ನನ್ನನ್ನು ಏಕವಚನದಲ್ಲೇ 'ಹೋಗಾ' ಎನ್ನುತ್ತಿದ್ದವನು ಈಗ ಬಹುವಚನದಲ್ಲಿ 'ಹೋಯ್ನಿ' ಎಂದ. ಆ ಮರ್ಯಾದೆಯ ಚಾ ಕುಡಿದು ಬಂದೆ.

ಮನೆಗೆ ಬಂದು ಪೆಟ್ಟಿಗೆ ಬಿಚ್ಚಿದೆ. ಸ್ಪಿರಿಟಿನಲ್ಲಿ ತೊಳೆಸಿದ ನಾಲಗೆಗಳ ಮೇಲೆಲ್ಲ ಹಸಿರು ಕಿಲುಬು. ಎಡತುದಿಯ ಎರಡನ್ನು, ಯಾವ ಹಾಡಿಗೂ ಬೇಡದವೆಂದು, ರಿಪೇರಿಯವನು ಮುಟ್ಟಿರಲಿಲ್ಲ. ಅವುಗಳ ಮೇಲೆ ಶೀನನ ಎಣ್ಣೆ ಕಪ್ಪಾಗಿ ಹೆಪ್ಪುಗಟ್ಟಿತ್ತು. ಬಟ್ಟೆಯಿಂದ ಒರೆಸಿದೆ. ಅಡಿಯಲ್ಲಿ ಹಿತ್ತಾಳೆ ಹೊಸದರಂತೆ ಹೊಳೆಯಿತು. ಕಿಲುಬು ಹಿಡಿಯದೆಂದು ಅವನು ಹೇಳಿದ್ದು ನಿಜವೇ ಆಗಿತ್ತು. ಎರಡನ್ನೂ ನುಡಿಸಿದೆ, ಸ್ವಚ್ಛವಾಗಿ ಬಂದವು, ಆದರೆ ಎರಡೇ ಸ್ವರದಲ್ಲಿ ಹಾಡು ಹುಟ್ಟುವುದಿಲ್ಲ.

ಇಷ್ಟನ್ನು ತಿಳಿಯಲು ಅವನು ಹಚ್ಚಿದ್ದ ಕೊನೆಯ ಎಣ್ಣೆಯನ್ನೂ ನಾನೇ ಒರೆಸಿ ತೆಗೆದಿದ್ದೆ. ವಾಸನೆ ಈಗ ನನ್ನ ಕೈಯಲ್ಲಿದೆ. ಕಿಟಕಿಯಿಂದ ಉಪ್ಪುಗಾಳಿ ನೇರ ಪೆಟ್ಟಿಗೆಯೊಳಗೆ ಬೀಸುತ್ತಿದೆ.